ಗ್ರೀರ್ ಹಡಗು ಮತ್ತು ಅರ್ಧ ಸತ್ಯ: ಆಕ್ಷೇಪಗಳಿಗೆ ಪ್ರತ್ಯುತ್ತರ

ಕಳೆದ ಸಂಚಿಕೆಯ ನನ್ನ ಲೇಖನದ ವಾದ ಇಷ್ಟೇ ಇತ್ತು: 1941ರ ಡಿಸೆಂಬರ್‌ಗೆ ಮೊದಲೇ, ಹೆಸರಿಗೆ ತಟಸ್ಥವಾಗಿದ್ದ ಅಮೆರಿಕ ಅಟ್ಲಾಂಟಿಕ್ ಸಾಗರದಲ್ಲಿ ಯುದ್ಧಕ್ಕೆ ಇಳಿದಾಗಿತ್ತು. ಅದನ್ನು ಅಲ್ಲಿಗೆ ತಂದು ನಿಲ್ಲಿಸಿದವರು ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್, ತಂದ ರೀತಿ ನೇರವಾಗಿರಲಿಲ್ಲ. ಇದಕ್ಕೆ ಎರಡೂ ಕಡೆಯಿಂದ ಏಟು ಬಿದ್ದಿದೆ. ಕೆಲವರ ಕಣ್ಣಿಗೆ ನಾನು ಹಿಟ್ಲರನ ವಕೀಲ, ಇನ್ನು ಕೆಲವರ ಕಣ್ಣಿಗೆ ರೂಸ್‌ವೆಲ್ಟರ ಪಾಪ ಮುಚ್ಚಿಟ್ಟವನು.

ಮೊದಲ ಆಕ್ಷೇಪ ಎಲ್ಲರಿಗೂ ಗೊತ್ತಿರುವುದೇ. ಪರ್ಲ್ ಹಾರ್ಬರ್ ಮೇಲೆ ಬಾಂಬು ಹಾಕಿದ್ದು ಜಪಾನ್. ಡಿಸೆಂಬರ್ 11ರಂದು ಯುದ್ಧ ಸಾರಿದ್ದು ಜರ್ಮನಿ. ಇದರಲ್ಲಿ ರೂಸ್‌ವೆಲ್ಟ್ ಕರೆದೊಯ್ದದ್ದು ಏನು ಬಂತು ಎಂಬ ಪ್ರಶ್ನೆ. ಹಾಗಾದರೆ ಅದಕ್ಕೆ ಹಿಂದಿನ ಹದಿನೈದು ತಿಂಗಳು ಏನಾಯಿತು? 1940ರ ಸೆಪ್ಟೆಂಬರ್‌ನಲ್ಲಿ ಬ್ರಿಟನ್ನಿಗೆ 50 ಹಳೆಯ ಡೆಸ್ಟ್ರಾಯರ್ ಹಡಗುಗಳು ಹೋದವು. 1941ರ ಜುಲೈನಲ್ಲಿ ಅಮೆರಿಕದ ಸೈನಿಕರು ಐಸ್‌ಲ್ಯಾಂಡಿನಲ್ಲಿ ಇಳಿದರು. ಸೆಪ್ಟೆಂಬರ್‌ನಲ್ಲಿ ಜರ್ಮನ್ ಜಲಾಂತರ್ಗಾಮಿ ಕಂಡಲ್ಲಿ ಹೊಡೆಯಿರಿ ಎಂಬ ನೀತಿ ಬಂತು. ಅಕ್ಟೋಬರ್ 17ರಂದು ಸರಕು ಹಡಗುಗಳ ಬೆಂಗಾವಲಿಗಿದ್ದ ಕಿಯರ್ನಿ ಹಡಗಿಗೆ ಟಾರ್ಪಿಡೊ ಬಡಿದು 11 ನಾವಿಕರು ಸತ್ತರು, 31ರಂದು ರೂಬೆನ್ ಜೇಮ್ಸ್ ಮುಳುಗಿತು. ಪರ್ಲ್ ಹಾರ್ಬರಿಗೆ ಇನ್ನೂ ಐದು ವಾರ ಬಾಕಿ ಇತ್ತು. ಆ ನಾವಿಕರ ತಾಯಂದಿರಿಗೆ ‘ನಿಮ್ಮ ದೇಶ ಇನ್ನೂ ತಟಸ್ಥ’ ಎಂದು ಹೇಳುವ ಧೈರ್ಯ ಯಾರಿಗಿದೆ?

ಎರಡನೆಯ ಗುಂಪಿನವರು ನನ್ನನ್ನು ಬೈಯುವುದು ಉಲ್ಟಾ ಕಾರಣಕ್ಕೆ. ಪರ್ಲ್ ಹಾರ್ಬರ್ ದಾಳಿ ರೂಸ್‌ವೆಲ್ಟರಿಗೆ ಮೊದಲೇ ತಿಳಿದಿತ್ತು, ಬೇಕೆಂದೇ ಸುಮ್ಮನಿದ್ದರು ಎನ್ನುತ್ತಾರೆ. ಇದನ್ನು ನಾನು ಒಪ್ಪುವುದಿಲ್ಲ. ಅಮೆರಿಕ ಒಡೆದು ಓದುತ್ತಿದ್ದದ್ದು ಜಪಾನಿನ ರಾಜತಾಂತ್ರಿಕ ಸಂಕೇತಗಳನ್ನು. ದಾಳಿ ಎಲ್ಲಿ ಎಂಬುದು ಅವುಗಳಲ್ಲಿ ಇರಲಿಲ್ಲ. ನವೆಂಬರ್ 27ರಂದು ಪೆಸಿಫಿಕ್ ನೌಕಾಪಡೆಗೆ ಯುದ್ಧದ ಎಚ್ಚರಿಕೆ ಹೋಗಿತ್ತು, ಆದರೆ ಅದರಲ್ಲಿ ಹೆಸರಿಸಿದ್ದು ಫಿಲಿಪ್ಪೀನ್ಸ್, ಥಾಯ್ಲೆಂಡ್, ಬೋರ್ನಿಯೊ ಕಡೆಯ ಜಾಗಗಳನ್ನು. ಇನ್ನೊಂದು ಸರಳ ಮಾತು: ರೂಸ್‌ವೆಲ್ಟರಿಗೆ ಬೇಕಿದ್ದದ್ದು ಹಿಟ್ಲರನನ್ನು ಸೋಲಿಸುವುದು. ಜಪಾನ್ ಜತೆ ಯುದ್ಧವಾದರೆ ಜರ್ಮನಿಯೂ ಬರುತ್ತದೆಂಬ ಖಾತರಿ ಏನೂ ಇರಲಿಲ್ಲ. ಡಿಸೆಂಬರ್ 8ರಂದು ಅವರು ಸಂಸತ್ತಿನಲ್ಲಿ ಕೇಳಿದ್ದು ಜಪಾನ್ ಮೇಲಿನ ಯುದ್ಧ ಮಾತ್ರ. ಉಳಿದದ್ದನ್ನು ಮೂರು ದಿನದ ನಂತರ ಹಿಟ್ಲರ್ ತಾನೇ ಮಾಡಿಕೊಟ್ಟ.

ಪಿತೂರಿ ಇಲ್ಲ ಎಂದ ಮಾತ್ರಕ್ಕೆ ಲೆಕ್ಕಾಚಾರವೂ ಇಲ್ಲ ಎಂದಲ್ಲ. ಜುಲೈ 26ರಂದು ಜಪಾನಿನ ಆಸ್ತಿ ಮುಟ್ಟುಗೋಲಾಯಿತು, ಅದರ ಬೆನ್ನಿಗೇ ತೈಲವೂ ನಿಂತಿತು. ಜಪಾನಿಗೆ ಬೇಕಾದ ತೈಲದ ಬಹುಪಾಲು ಬರುತ್ತಿದ್ದದ್ದು ಅಮೆರಿಕದಿಂದಲೇ. ಮೊದಲ ಗುಂಡು ಅವರೇ ಹಾರಿಸುವಂತೆ ಮಾಡುವುದು ಹೇಗೆ, ಅದೂ ನಮಗೆ ಹೆಚ್ಚು ಅಪಾಯವಾಗದಂತೆ, ಎಂಬ ಚರ್ಚೆ ಶ್ವೇತಭವನದಲ್ಲಿ ನಡೆದದ್ದನ್ನು ಯುದ್ಧ ಕಾರ್ಯದರ್ಶಿ ಹೆನ್ರಿ ಸ್ಟಿಮ್ಸನ್ ನವೆಂಬರ್ 25ರ ದಿನಚರಿಯಲ್ಲಿ ಬರೆದಿಟ್ಟಿದ್ದಾರೆ.

ಇನ್ನು ‘ಎಲ್ಲವೂ ಕಾನೂನು ಪ್ರಕಾರವೇ ನಡೆಯಿತಲ್ಲ’ ಎನ್ನುವವರು. ಕೆಲವು ನಡೆದವು, ಕೆಲವು ನಡೆಯಲಿಲ್ಲ. ಆ 50 ಹಡಗುಗಳನ್ನು ಕೊಟ್ಟದ್ದು ಸಂಸತ್ತಿನ ಒಪ್ಪಿಗೆ ಪಡೆದಲ್ಲ. ಅಟಾರ್ನಿ ಜನರಲ್ ಅಭಿಪ್ರಾಯವೊಂದನ್ನು ಹಿಡಿದುಕೊಂಡು ಅಧ್ಯಕ್ಷರೇ ಮಾಡಿಕೊಂಡ ಒಪ್ಪಂದ ಅದು. ಐಸ್‌ಲ್ಯಾಂಡಿಗೆ ಸೈನ್ಯ ಇಳಿದ ಮೇಲೆ ಸಂಸತ್ತಿಗೆ ಸುದ್ದಿ ಮುಟ್ಟಿತು. ವೈಸ್‌ರಾಯ್ ಲಿನ್‌ಲಿತ್‌ಗೋ 1939ರ ಸೆಪ್ಟೆಂಬರ್ 3ರಂದು ನಮ್ಮ ಯಾರನ್ನೂ ಕೇಳದೆ ಭಾರತವನ್ನು ಯುದ್ಧಕ್ಕೆ ನೂಕಿದ್ದನ್ನು ಅನುಭವಿಸಿದವರು ನಾವು. ಅದರ ಮುಂದೆ ರೂಸ್‌ವೆಲ್ಟ್ ಸಭ್ಯಸ್ಥರೇ, ಒಪ್ಪೋಣ. ಆದರೆ ಅಮೆರಿಕದಲ್ಲಿ ಯುದ್ಧ ಸಾರುವ ಅಧಿಕಾರವನ್ನು ಸಂವಿಧಾನ ಸಂಸತ್ತಿಗೆ ಕೊಟ್ಟಿದೆ. ಅವರನ್ನು ಅಳೆಯಬೇಕಾದದ್ದು ಆ ಸಂವಿಧಾನದಿಂದ, ನಮ್ಮ ವೈಸ್‌ರಾಯರಿಂದಲ್ಲ.

ನನಗೆ ಹೆಚ್ಚು ಬೈಗುಳ ತಂದಿತ್ತದ್ದು ಗ್ರೀರ್ ಪ್ರಸಂಗ. ‘ಜರ್ಮನ್ ಜಲಾಂತರ್ಗಾಮಿ ಟಾರ್ಪಿಡೊ ಬಿಟ್ಟದ್ದು ಸುಳ್ಳೇ?’ ಎಂದು ಒಬ್ಬರು ಕೇಳಿದ್ದಾರೆ. ಸುಳ್ಳಲ್ಲ. ನಡೆದದ್ದನ್ನು ನಿಧಾನವಾಗಿ ನೋಡೋಣ.

1941ರ ಸೆಪ್ಟೆಂಬರ್ 4. ಗ್ರೀರ್ ಎಂಬ ಅಮೆರಿಕನ್ ಡೆಸ್ಟ್ರಾಯರ್ ಟಪಾಲು ಹೊತ್ತು ಐಸ್‌ಲ್ಯಾಂಡಿಗೆ ಹೊರಟಿದೆ. ಬೆಳಿಗ್ಗೆ ಬ್ರಿಟಿಷ್ ವಿಮಾನವೊಂದು ‘ಮುಂದೆ ಹತ್ತು ಮೈಲಿಯಲ್ಲಿ ಜಲಾಂತರ್ಗಾಮಿ ಮುಳುಗಿದೆ’ ಎಂದು ಸನ್ನೆ ಕೊಡುತ್ತದೆ. ಗ್ರೀರ್ ತನ್ನ ದಾರಿ ಹಿಡಿದು ಹೋಗುವುದಿಲ್ಲ. ವೇಗ ಹೆಚ್ಚಿಸಿ ಆ ಜಾಗಕ್ಕೆ ಹೋಗಿ, ಶಬ್ದದ ಪ್ರತಿಧ್ವನಿ ಹಿಡಿದು ಜಲಾಂತರ್ಗಾಮಿಯ ಬೆನ್ನು ಹತ್ತುತ್ತದೆ, ಅದು ಇರುವ ಜಾಗವನ್ನು ಬ್ರಿಟಿಷರಿಗೆ ತಿಳಿಸುತ್ತಲೇ ಇರುತ್ತದೆ. ವಿಮಾನ ನಾಲ್ಕು ಡೆಪ್ತ್ ಚಾರ್ಜ್‌ಗಳನ್ನು ಹಾಕಿ, ಇಂಧನ ಕಡಿಮೆಯಾಗಿ ವಾಪಸಾಗುತ್ತದೆ. ಗ್ರೀರ್ ಬಿಡುವುದಿಲ್ಲ. ಹೀಗೆ ಮೂರು ಗಂಟೆಗೂ ಮೀರಿ. ನೀರಿನೊಳಗಿದ್ದವರಿಗೆ ಬಾಂಬು ಹಾಕಿದ್ದು ಮೇಲಿನ ವಿಮಾನವೋ ಈ ಹಡಗೋ ತಿಳಿಯುವ ದಾರಿಯಿಲ್ಲ. ಮಧ್ಯಾಹ್ನದ ಹೊತ್ತಿಗೆ ಅವರು ಟಾರ್ಪಿಡೊ ಬಿಡುತ್ತಾರೆ, ಅದು ತಪ್ಪುತ್ತದೆ. ಗ್ರೀರ್ ತಾನೂ ಡೆಪ್ತ್ ಚಾರ್ಜ್ ಹಾಕುತ್ತದೆ. ಯಾರಿಗೂ ಪೆಟ್ಟಾಗುವುದಿಲ್ಲ.

ಒಂದು ವಾರದ ನಂತರ ರೂಸ್‌ವೆಲ್ಟ್ ರೇಡಿಯೊದಲ್ಲಿ ಮಾತನಾಡಿದರು. ಹಡಗು ಟಪಾಲು ಒಯ್ಯುತ್ತಿತ್ತು, ಅಮೆರಿಕದ ಬಾವುಟ ಹಾರುತ್ತಿತ್ತು, ಜರ್ಮನ್ ಜಲಾಂತರ್ಗಾಮಿ ಎಚ್ಚರಿಕೆ ಕೊಡದೆ ಮೊದಲು ಹೊಡೆಯಿತು, ಹಡಗನ್ನು ಮುಳುಗಿಸುವುದೇ ಅದರ ಉದ್ದೇಶವಾಗಿತ್ತು ಎಂದರು. ಕಚ್ಚಲು ಹೆಡೆ ಎತ್ತಿದ ವಿಷಸರ್ಪ ಕಚ್ಚುವ ತನಕ ಯಾರೂ ಕಾಯುವುದಿಲ್ಲ ಎಂದರು. ಟಪಾಲು ನಿಜ, ಬಾವುಟ ನಿಜ, ಟಾರ್ಪಿಡೊ ನಿಜ. ಬೆನ್ನಟ್ಟಿದ ಮೂರು ಗಂಟೆ ಮತ್ತು ಬ್ರಿಟಿಷ್ ವಿಮಾನ ಮಾತ್ರ ಆ ಭಾಷಣದಲ್ಲಿ ಇಲ್ಲ. ಅವು ಹೊರಬಿದ್ದದ್ದು ಅಕ್ಟೋಬರ್‌ನಲ್ಲಿ, ಸೆನೆಟ್ ಸಮಿತಿಯ ಪ್ರಶ್ನೆಗಳಿಗೆ ನೌಕಾಪಡೆಯ ಮುಖ್ಯಸ್ಥ ಅಡ್ಮಿರಲ್ ಸ್ಟಾರ್ಕ್ ಕೊಟ್ಟ ಉತ್ತರದಲ್ಲಿ. ಅಷ್ಟರಲ್ಲಿ ಹೊಸ ನೀತಿ ಜಾರಿಯಲ್ಲಿತ್ತು.

ಇದೊಂದು ಆಕಸ್ಮಿಕ, ಇದರಿಂದ ಉದ್ದೇಶವನ್ನು ಊಹಿಸಬಾರದು ಎನ್ನುವವರಿಗೆ ಆಗಸ್ಟ್ ತಿಂಗಳನ್ನು ನೆನಪಿಸುತ್ತೇನೆ. ನ್ಯೂಫೌಂಡ್‌ಲ್ಯಾಂಡಿನ ಪ್ಲಸೆನ್ಷಿಯಾ ಕೊಲ್ಲಿಯಲ್ಲಿ ರೂಸ್‌ವೆಲ್ಟರನ್ನು ಕಂಡು ಮರಳಿದ ಚರ್ಚಿಲ್ ತಮ್ಮ ಸಂಪುಟಕ್ಕೆ ಹೇಳಿದ್ದರು: ಅಧ್ಯಕ್ಷರು ಯುದ್ಧ ಮಾಡುತ್ತಾರೆ, ಆದರೆ ಸಾರುವುದಿಲ್ಲ, ದಿನೇ ದಿನೇ ಹೆಚ್ಚು ಕೆಣಕುತ್ತಾರೆ. ಚರ್ಚಿಲ್ ಮಾತಿಗೆ ಸ್ವಲ್ಪ ಉಪ್ಪುಖಾರ ಸೇರಿಸುವ ಮನುಷ್ಯ, ಸಂಪುಟಕ್ಕೆ ಧೈರ್ಯ ತುಂಬುವ ಅಗತ್ಯವೂ ಅವರಿಗಿತ್ತು. ಅದನ್ನೆಲ್ಲ ಕಳೆದರೂ, ಮೂರು ವಾರದೊಳಗೆ ನಡೆದದ್ದು ಅವರು ಹೇಳಿದ ಹಾಗೆಯೇ ಇದೆ.

ಜನರೇ ಬಯಸಿದ್ದರು ಎಂಬ ಮಾತು ಅರ್ಧ ನಿಜ. ಯುದ್ಧದ ಅಪಾಯವಿದ್ದರೂ ಬ್ರಿಟನ್ನಿಗೆ ನೆರವು ಕೊಡಬೇಕು ಎಂದು ಬಹುಪಾಲು ಅಮೆರಿಕನ್ನರು ಹೇಳುತ್ತಿದ್ದರು. ಯುದ್ಧ ಸಾರೋಣವೇ ಎಂದರೆ ಅದೇ ಜನ ಬೇಡ ಎನ್ನುತ್ತಿದ್ದರು. ಈ ಎರಡರ ನಡುವಿನ ಸಂದಿಯಲ್ಲೇ ರೂಸ್‌ವೆಲ್ಟ್ ರಾಜಕೀಯ ಮಾಡಿದ್ದು. 1940ರ ಚುನಾವಣೆಗೆ ಒಂದು ವಾರ ಇರುವಾಗ ಬಾಸ್ಟನ್ನಿನಲ್ಲಿ ನಿಂತು, ನಿಮ್ಮ ಹುಡುಗರನ್ನು ಯಾವ ಪರದೇಶದ ಯುದ್ಧಕ್ಕೂ ಕಳಿಸುವುದಿಲ್ಲ ಎಂದು ಮಾತು ಕೊಟ್ಟರು. ‘ನಮ್ಮ ಮೇಲೆ ದಾಳಿಯಾದರೆ ಬೇರೆ ವಿಷಯ’ ಎಂದು ಅದುವರೆಗೆ ಸೇರಿಸುತ್ತಿದ್ದ ಷರತ್ತು ಅಂದು ಬಿಟ್ಟುಹೋಗಿತ್ತು.

ಯುದ್ಧ ಬೇಡವೆಂದವರೆಲ್ಲ ನಾಜಿ ಬೆಂಬಲಿಗರು ಎಂಬ ಆರೋಪದ ಬಗ್ಗೆ ಹೆಚ್ಚು ಹೇಳಬೇಕಿಲ್ಲ. ಯುದ್ಧ ಬೇಡವೆಂದವರ ಮುಂಚೂಣಿಯಲ್ಲಿದ್ದ ವಿಮಾನ ಚಾಲಕ ಚಾರ್ಲ್ಸ್ ಲಿಂಡ್‌ಬರ್ಗ್ ಡಿ ಮೊಯಿನ್‌ ನಗರದಲ್ಲಿ ಯಹೂದಿಗಳ ವಿರುದ್ಧ ಆಡಿದ ಮಾತು ಹೇಸಿಗೆಯದ್ದು. ಅದು ಗ್ರೀರ್ ಭಾಷಣದ ರಾತ್ರಿಯೇ. ಆದರೆ ಲಿಂಡ್‌ಬರ್ಗ್ ಕೆಟ್ಟದ್ದಾಡಿದರೆ ಅಡ್ಮಿರಲ್ ಸ್ಟಾರ್ಕ್ ಕೊಟ್ಟ ಉತ್ತರ ಬದಲಾಗುವುದಿಲ್ಲ.

ಕೊನೆಯ ಆಕ್ಷೇಪಕ್ಕೆ ತೂಕವಿದೆ. ಹಿಟ್ಲರ್ ಗೆದ್ದಿದ್ದರೆ ಏನಾಗುತ್ತಿತ್ತು? ಕಡ್ಡಾಯ ಸೇನಾ ಸೇವೆಯ ಅವಧಿ ವಿಸ್ತರಣೆಯೇ 1941ರ ಆಗಸ್ಟ್‌ನಲ್ಲಿ ಪ್ರತಿನಿಧಿ ಸಭೆಯಲ್ಲಿ 203–202ರಿಂದ, ಒಂದೇ ಮತದಿಂದ ಪಾಸಾಯಿತು. ಅಂಥ ಸಂಸತ್ತಿನ ಮುಂದೆ ನಿಜವನ್ನೆಲ್ಲ ಇಟ್ಟಿದ್ದರೆ ಬ್ರಿಟನ್ ಮುಳುಗುತ್ತಿತ್ತು ಎನ್ನುತ್ತಾರೆ. ಹಿಟ್ಲರ್ ಸೋಲಲೇಬೇಕಿತ್ತು, ಅದರಲ್ಲಿ ನನಗೆ ಅನುಮಾನವಿಲ್ಲ. ಆದರೆ ನಿಜ ಹೇಳಿ ಗೆಲ್ಲಲಾಗುತ್ತಿರಲಿಲ್ಲ ಎಂಬುದನ್ನು ಒಪ್ಪಲಾರೆ. ಬ್ರಿಟನ್ನಿಗೆ ಯುದ್ಧ ಸಾಮಗ್ರಿ ಒದಗಿಸುವ ಲೆಂಡ್-ಲೀಸ್ ಮಸೂದೆಯನ್ನೇ ನೋಡಿ. ಬೆಂಕಿ ಬಿದ್ದ ನೆರೆಮನೆಗೆ ನೀರಿನ ಪೈಪು ಕೊಡುವ ಉದಾಹರಣೆ ಹೇಳಿ ರೂಸ್‌ವೆಲ್ಟ್ ಅದನ್ನು ಜನರ ಮುಂದಿಟ್ಟರು. ಎರಡು ತಿಂಗಳು ಬಹಿರಂಗ ಚರ್ಚೆ ನಡೆಯಿತು. ಚುನಾವಣೆಯಲ್ಲಿ ಅವರೆದುರು ಸೋತ ವೆಂಡೆಲ್ ವಿಲ್ಕಿಯೇ ಸಮಿತಿ ಮುಂದೆ ಬಂದು ಅದರ ಪರ ಮಾತನಾಡಿದರು. ಸೆನೆಟ್ 60–31ರಿಂದ ಒಪ್ಪಿತು. ಗ್ರೀರ್‌ನ ಪೂರ್ತಿ ಕಥೆ ಹೊರಬಂದ ಮೇಲೂ, ನವೆಂಬರ್‌ನಲ್ಲಿ ಇದೇ ಸಂಸತ್ತು ತಟಸ್ಥ ಕಾಯ್ದೆಯನ್ನು ಸಡಿಲಿಸಿತು. ಪ್ರತಿನಿಧಿ ಸಭೆಯಲ್ಲಿ 212–194. ಅಂತರ ಸಣ್ಣದು, ಆದರೂ ಗೆಲುವು.

ಅಡ್ಡದಾರಿಯ ಬೆಲೆ ತೆತ್ತವರು ಬೇರೆಯವರು. 1964ರ ಆಗಸ್ಟ್‌ನಲ್ಲಿ ಟಾಂಕಿನ್ ಕೊಲ್ಲಿಯಲ್ಲಿ ಅಮೆರಿಕದ ಹಡಗುಗಳ ಮೇಲೆ ಉತ್ತರ ವಿಯೆಟ್ನಾಂನ ಎರಡನೇ ದಾಳಿ ನಡೆಯಿತೆಂದು ಅಧ್ಯಕ್ಷ ಲಿಂಡನ್ ಜಾನ್ಸನ್ ದೇಶಕ್ಕೆ ಹೇಳಿದರು. ಆ ದಾಳಿ ನಡೆದೇ ಇರಲಿಲ್ಲ. ವಿಯೆಟ್ನಾಂ ಯುದ್ಧಕ್ಕೆ ಬಾಗಿಲು ತೆರೆದ ನಿರ್ಣಯವನ್ನು ಪ್ರತಿನಿಧಿ ಸಭೆ 416–0ರಿಂದ, ಸೆನೆಟ್ 88–2ರಿಂದ ಅಂಗೀಕರಿಸಿತು. ಸೆನೆಟ್‌ನಲ್ಲಿ ಅದನ್ನು ದಡ ಮುಟ್ಟಿಸಿದ ವಿಲಿಯಂ ಫುಲ್‌ಬ್ರೈಟ್ ಮುಂದೆ ಅದಕ್ಕಾಗಿ ಪಶ್ಚಾತ್ತಾಪಪಟ್ಟರು. ರೂಸ್‌ವೆಲ್ಟ್ ಒಳ್ಳೆಯ ಕೆಲಸಕ್ಕಾಗಿ ನಡೆಸಿದ ವಂಚನೆಯೇ ಜಾನ್ಸನ್‌ಗೆ ಕೆಟ್ಟ ಕೆಲಸಕ್ಕಾಗಿ ಅಂಥದ್ದನ್ನೇ ನಡೆಸಲು ದಾರಿ ಸಲೀಸು ಮಾಡಿತು ಎಂದದ್ದು ಅವರೇ, ರೂಸ್‌ವೆಲ್ಟರದೇ ಪಕ್ಷದವರು.