ಬಚ್ಚಲುಮನೆಯ ಕಾವಲುಗಾರ

ಶಿಕಾರಿಪುರ, ಸೊರಬ ಸೀಮೆಯ ಹಲವು ಬಚ್ಚಲುಮನೆಗಳಲ್ಲಿ ತಾಮ್ರದ ಹಂಡೆಯ ಸ್ಥಾನಕ್ಕೆ ವಿದ್ಯುತ್ ಗೀಸರು ಬಂದಿದೆ. ಹಂಡೆಯ ಬಾಯಿ ತೆರೆದಿರುವುದರಿಂದ, ಎಷ್ಟು ಸೌದೆ ಉರಿಸಿದರೂ ನೀರಿನ ಉಷ್ಣತೆ 100 ಡಿಗ್ರಿ ಸೆಲ್ಸಿಯಸನ್ನು ಮೀರದು. ಹೆಚ್ಚಿನ ಶಾಖವು ಆವಿಯೊಡನೆ ಹೊರಟುಹೋಗುತ್ತದೆ. ಗೀಸರಿನ ತೊಟ್ಟಿಯಾದರೋ ಮುಚ್ಚಿದ್ದು. ಒತ್ತಡ ಏರಿದಂತೆ ಕುದಿಬಿಂದುವೂ ಏರುತ್ತದೆ. ವಾಯುಮಂಡಲದ ಎರಡರಷ್ಟು ಒತ್ತಡದಲ್ಲಿ ಅದು ಸುಮಾರು 120 ಡಿಗ್ರಿ. ಅಂಥ ತೊಟ್ಟಿ ಒಡೆದರೆ ನೀರಿನ ಒಂದಂಶವು ಒಮ್ಮೆಲೇ ಆವಿಯಾಗಿ ಸಿಡಿಯುತ್ತದೆ.

ಇದನ್ನು ತಡೆಯಲೆಂದೇ ಥರ್ಮೋಸ್ಟಾಟಿನ ಜೊತೆಗೆ ಥರ್ಮಲ್ ಕಟೌಟ್ ಎಂಬ ರಕ್ಷಕ ಸ್ವಿಚ್ಚನ್ನು ಇಟ್ಟಿರುತ್ತಾರೆ. ಬೇರೆ ಬೇರೆ ಪ್ರಮಾಣದಲ್ಲಿ ಹಿಗ್ಗುವ ಎರಡು ಲೋಹಗಳನ್ನು ಬೆಸೆದ ಬಿಲ್ಲೆಯೊಂದು ಸಾಮಾನ್ಯವಾಗಿ ಅದರಲ್ಲಿರುತ್ತದೆ. ಕಾವು ಮಿತಿಮೀರಿದಾಗ ಬಿಲ್ಲೆ ಬಾಗಿ ವಿದ್ಯುತ್ತನ್ನು ಕಡಿಯುತ್ತದೆ.

ಸ್ವಿಚ್ಚು ಪದೇ ಪದೇ ಕಡಿಯುವುದೆಂದು ಬೇಸತ್ತು, ಅದನ್ನು ಕಿತ್ತು ತಂತಿಗಳನ್ನು ನೇರವಾಗಿ ಜೋಡಿಸುವವರನ್ನು ನಾವು ಕಂಡಿದ್ದೇವೆ. ಇದು ಬೊಗಳುವ ನಾಯಿಯ ಬಾಯಿ ಕಟ್ಟಿ ನಿಶ್ಚಿಂತೆಯಿಂದ ಮಲಗಿದಂತೆ. ಆಮೇಲೆ ಥರ್ಮೋಸ್ಟಾಟ್ ಕೈಕೊಟ್ಟರೆ ಒತ್ತಡವಿಳಿಸುವ ಕವಾಟವೊಂದೇ ಆಸರೆ. ಅದೂ ಸುಣ್ಣಗಟ್ಟಿದ್ದರೆ ಗತಿಯೇನು?

ದೋಷವು ಬಹುಮಟ್ಟಿಗೆ ಬೇರೆಡೆಯಿರುತ್ತದೆ. ಥರ್ಮೋಸ್ಟಾಟ್ ಕೆಟ್ಟಿರಬಹುದು, ಕೊಳವೆಬಾವಿಯ ಗಡಸು ನೀರಿನ ಸುಣ್ಣವು ಕಾಯಿಸುವ ಸುರುಳಿಯ ಮೇಲೆ ಕಟ್ಟಿರಬಹುದು, ತೊಟ್ಟಿಯಲ್ಲಿ ನೀರೇ ಇಲ್ಲದಿರಬಹುದು, ತಂತಿಯ ಜೋಡಣೆ ಸಡಿಲಾಗಿ ಅಲ್ಲಿಯೇ ಕಾವು ಹುಟ್ಟಿರಬಹುದು. ಸ್ವಿಚ್ಚೇ ಸವೆದಿದ್ದರೆ ಅದೇ ಮಿತಿಯ ಹೊಸದನ್ನು ಹಾಕಿಸಬೇಕು. ವಿದ್ಯುತ್ತನ್ನು ಆರಿಸಿ, ತೊಟ್ಟಿ ತುಂಬಿದೆಯೆಂದು ನೋಡಿಕೊಂಡು, ನೀರು ತಣಿದ ಬಳಿಕ, ಹೊರಗೆ ಗುಂಡಿಯಿದ್ದರೆ ಒಮ್ಮೆ ಒತ್ತಬಹುದು. ಮತ್ತೆ ಕಡಿದರೆ ಬಲ್ಲವರನ್ನು ಕರೆಸಬೇಕು.

ಹಂಡೆಯ ಕಾಲದಲ್ಲಿ ತೆರೆದ ಬಾಯಿಯೇ ಕಾವಲಾಗಿದ್ದಿತು. ಈಗ ಆ ಹೊಣೆ ಒಂದು ಸಣ್ಣ ಬಿಲ್ಲೆಯ ಮೇಲಿದೆ. ಅದು ಎಚ್ಚರಿಸಿದಾಗ ಕಾರಣವನ್ನು ಹುಡುಕುವುದೇ ಲೇಸೆಂದು ನಮ್ಮ ಅಭಿಪ್ರಾಯ.