ಊರಿನ ಹೆಸರಿಟ್ಟು ವಾಪಸ್ ಬಂದ ಡ್ರೇ

ಹದಿನಾರು ವರ್ಷ ಅಂದ್ರೆ ಸಣ್ಣ ಗ್ಯಾಪಲ್ಲ. 1999ರಲ್ಲಿ ‘2001’ ಅನ್ನೋ ಆಲ್ಬಂ ಕೊಟ್ಟ ಡಾ. ಡ್ರೇ, ಮುಂದಿನದನ್ನ ಕೊಟ್ಟಿದ್ದು 2015ರ ಆಗಸ್ಟಿನಲ್ಲಿ. ಮಧ್ಯೆ ‘ಡೀಟಾಕ್ಸ್’ ಬರುತ್ತೆ, ಬರುತ್ತೆ ಅಂತ ಜನ ಕಾದಿದ್ದೇ ಕಾದಿದ್ದು. ಚೆನ್ನಾಗಿ ಬಂದಿಲ್ಲ ಅಂತ ಅವನೇ ಅದನ್ನ ಪಕ್ಕಕ್ಕಿಟ್ಟ. ಬದಲಿಗೆ ಬಂದ ಆಲ್ಬಮ್ಮಿಗೆ ತನ್ನ ಊರಿನ ಹೆಸರನ್ನೇ ಇಟ್ಟ: ‘ಕಾಂಪ್ಟನ್’.

ಮೊಬೈಲಲ್ಲೇ ಬೀಟ್ ಕಟ್ಟಿ ರ‍್ಯಾಪ್ ಬರೆಯೋ ನಮ್ಮ ಗಡಿ ತಾಲ್ಲೂಕುಗಳ ಹುಡುಗ ಹುಡುಗಿಯರು ಇದನ್ನ ಒಮ್ಮೆ ಕೂತು ಕೇಳಬೇಕು. ಆಲ್ಬಂ ಶುರುವಾಗೋದು ಸುದ್ದಿ ಓದುವ ಥರದ ಒಂದು ದನಿಯಿಂದ. ಕಪ್ಪು ಜನಾಂಗದ ಮಧ್ಯಮ ವರ್ಗದವರು ಸ್ವಂತ ಮನೆಯ ಕನಸು ಹೊತ್ತು ಬಂದ ಊರು ಕಾಂಪ್ಟನ್, ಆಮೇಲೆ ಕೊಲೆಗಳ ಊರಾಯ್ತು ಅಂತ. ಹೊರಗಿನವರ ಬಾಯಲ್ಲಿ ಊರು ಅಷ್ಟೇ. ಈ ಸಂಕಟ ನಮಗೆ ಹೊಸದೇನಲ್ಲ. ಕಾಸರಗೋಡು, ಜತ್ತ, ಅಕ್ಕಲಕೋಟೆ ಟಿವಿಗೆ ಬರೋದು ಗಡಿ ಜಗಳ ಎದ್ದಾಗ. ಜಗಳ ತಣ್ಣಗಾದ್ರೆ ಕ್ಯಾಮೆರಾನೂ ವಾಪಸ್.

ಸದ್ದಿನ ವಿಷಯಕ್ಕೆ ಬರೋಣ. 1992ರ ‘ದ ಕ್ರಾನಿಕ್’ನಲ್ಲಿ ನಿಧಾನದ ಬೀಟು, ದಪ್ಪ ಬೇಸು, ಮೇಲೆ ಶಿಳ್ಳೆಯಂಥ ಸಿಂಥ್, ಅಪ್ಪಂದಿರ ಕಾಲದ ಫಂಕ್ ವಾಸನೆ. ‘2001’ರಲ್ಲಿ ಎಲ್ಲಾ ಖಾಲಿ ಖಾಲಿ, ಒಂದು ಪಿಯಾನೊ ತುಣುಕು, ಬಿಗಿ ಡ್ರಮ್ಮು. ‘ಕಾಂಪ್ಟನ್’ನಲ್ಲಿ ಹಾಡಿನ ನಡುವೆಯೇ ಬೀಟು ಮಗ್ಗುಲು ಬದಲಿಸುತ್ತೆ. ಹಳೇ ಶಿಳ್ಳೆ ಎಲ್ಲಿ ಅಂತ ಹುಡುಕೋರಿಗೆ ನಿರಾಸೆ ಆಗ್ಬಹುದು. ನಮಗೆ ಇಷ್ಟವಾಗಿದ್ದು ಇದೇ. ಐವತ್ತು ದಾಟಿದ ಮನುಷ್ಯ ಚಿಕ್ಕವರಿಂದ ಕಲಿತಿದ್ದಾನೆ. ಅದೇ ಊರಿನ ಕೆಂಡ್ರಿಕ್ ಲಮಾರ್‌ಗೆ ಮೂರು ಹಾಡು, ಆಗಿನ್ನೂ ಹೆಚ್ಚು ಜನಕ್ಕೆ ಗೊತ್ತಿಲ್ಲದ ಆಂಡರ್ಸನ್ ಪಾಕ್‌ಗೆ ಆರು. ಕೆಲವು ಕಡೆ ಸಂತೆಯಾಗಿದೆ, ಡ್ರೇನೇ ಕಳೆದುಹೋಗ್ತಾನೆ, ಅದು ನಿಜ. ಹೆಂಗಸರ ಬಗ್ಗೆ ಆ ಹಾಡುಗಳಲ್ಲಿರೋ ಮಾತುಗಳನ್ನಂತೂ ನಾವು ಒಪ್ಪಲ್ಲ.

ನಮ್ಮ ತಕರಾರು ನಿಮ್ಮ ಹತ್ರಾನೂ ಇದೆ. ಬೀಟು ಎಲ್ಲಿಂದ ಬೇಕಾದ್ರೂ ಕಲೀರಿ, ತಿಂಗಳಿಗೊಮ್ಮೆ ಬದಲಿಸಿ. ಆದ್ರೆ ಮೈಕ್ ಮುಂದೆ ನಿಂತ ಕೂಡಲೇ ಬೆಂಗಳೂರಿನ ಕನ್ನಡಕ್ಕೆ ಯಾಕೆ ಹಾರ್ತೀರಿ? ಸೊಲ್ಲಾಪುರದ ‘ಹೌದ್ರಿ’, ತಾಳವಾಡಿಯ ಎಳೆತ, ಮನೇಲಿ ಅಜ್ಜಿ ಬೈಯೋ ಬೈಗುಳ, ಇವೆಲ್ಲ ಯಾವ ಸ್ಯಾಂಪಲ್ ಪ್ಯಾಕಲ್ಲೂ ಸಿಗಲ್ಲ.

ಆಲ್ಬಮ್ಮಿನ ದುಡ್ಡನ್ನ ಕಾಂಪ್ಟನ್ನಿನ ಮಕ್ಕಳ ಕಲಾ ಕೇಂದ್ರಕ್ಕೆ ಕೊಡೋದಾಗಿ ಡ್ರೇ ಆಗಲೇ ಹೇಳಿದ್ದ. 2017ರಲ್ಲಿ ಅಲ್ಲಿನ ಹೈಸ್ಕೂಲಿಗೆ ಒಂದು ಕೋಟಿ ಡಾಲರ್ ಘೋಷಿಸಿದ. ಕೊನೇ ಹಾಡಲ್ಲಿ ಸುದ್ದಿಯವನೂ ಇಲ್ಲ, ಅತಿಥಿಗಳೂ ಇಲ್ಲ. ತೀರಿಕೊಂಡ ಗೆಳೆಯ ಈಜಿ-ಇಯನ್ನ ನೆನೆಸಿಕೊಳ್ತಾ ಡ್ರೇ ಒಬ್ಬನೇ ಮಾತಾಡ್ತಾನೆ. ಆಮೇಲೆ ಒಂದು ಟ್ರಂಪೆಟ್ ಮಾತ್ರ ಉಳಿಯುತ್ತೆ. ಹೆಡ್‌ಫೋನ್ ಹಾಕ್ಕೊಂಡೇ ಕೇಳಿ.