ಫಿರ್ಯಾದುದಾರರ ವಕೀಲರ ಸಲಹೆಗಳನ್ನು ಕಡೆಗಣಿಸುತ್ತಿರುವ ಬಗ್ಗೆ ಮನವಿ ಪತ್ರ

ಇವರಿಗೆ,
ಮಾನ್ಯ ನಿರ್ದೇಶಕರು,
ಅಭಿಯೋಜನೆ ಮತ್ತು ಸರ್ಕಾರಿ ವ್ಯಾಜ್ಯಗಳ ಇಲಾಖೆ, ಬೆಂಗಳೂರು.

ಇಂದ,
ಕೆಳಗೆ ಸಹಿ ಮಾಡಿರುವ ಫಿರ್ಯಾದುದಾರರು ಮತ್ತು ನೊಂದ ಕುಟುಂಬದವರು.

ವಿಷಯ: ನೊಂದವರ ವಕೀಲರು ಕೊಡುವ ಲಿಖಿತ ಸಲಹೆಗಳನ್ನು ಸರ್ಕಾರಿ ಅಭಿಯೋಜಕರು ಪರಿಗಣಿಸುವಂತೆ ಸುತ್ತೋಲೆ ಹೊರಡಿಸುವ ಕುರಿತು.

ಉಲ್ಲೇಖ: ಜಿಲ್ಲಾ ಮಟ್ಟದಲ್ಲಿ ಸಲ್ಲಿಸಿದ ನಮ್ಮ ಹಿಂದಿನ ಮನವಿಗಳು ಮತ್ತು ಸ್ವೀಕೃತಿ ಪ್ರತಿಗಳು (ಅಡಕ 1).

ಮಾನ್ಯರೇ,

ಉಲ್ಲೇಖಿತ ಮನವಿಗಳಿಗೆ ಸ್ವೀಕೃತಿ ಮುದ್ರೆ ಬಿದ್ದಿದೆ, ಹಿಂಬರಹ ಬಂದಿಲ್ಲ. ಆದಕಾರಣ ನೇರವಾಗಿ ತಮ್ಮ ಬಳಿಗೆ ಬಂದಿದ್ದೇವೆ.

ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 24(8) ಮತ್ತು 301ನೇ ಕಲಮುಗಳು ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 18(8) ಮತ್ತು 338 ಆಗಿರುವುದು ತಮಗೆ ತಿಳಿದ ವಿಷಯ. ನಮ್ಮ ವಕೀಲರು ಅಭಿಯೋಜಕರ ನಿರ್ದೇಶನದಂತೆಯೇ ನಡೆಯಬೇಕು ಎಂಬುದನ್ನು ನಾವು ಒಪ್ಪುತ್ತೇವೆ. ತಾವೇ ಪಾಟೀ ಸವಾಲು ಮಾಡುವ ಹಕ್ಕನ್ನು ಅವರು ಕೇಳುತ್ತಿಲ್ಲ. 2019ರ ರೇಖಾ ಮುರಾರ್ಕಾ ತೀರ್ಪು ಅದಕ್ಕೆ ಅವಕಾಶ ಕೊಟ್ಟಿಲ್ಲ. ಆದರೆ ಬಿಟ್ಟುಹೋದ ಪ್ರಶ್ನೆಗಳನ್ನು ಅಭಿಯೋಜಕರ ಮೂಲಕ, ಅವರು ಕೇಳದಿದ್ದರೆ ನ್ಯಾಯಾಲಯದ ಮೂಲಕ ಎತ್ತಬಹುದು ಎಂದು ಅದೇ ತೀರ್ಪು ಹೇಳಿದೆ. ಆ ಅರ್ಧ ಭಾಗವನ್ನು ಇಲ್ಲಿ ಯಾರೂ ಓದಿದಂತಿಲ್ಲ.

ನಮ್ಮ ಪೈಕಿ ಒಬ್ಬರ ಮಗನ ಕೊಲೆ ಪ್ರಕರಣದಲ್ಲಿ ಪ್ರತ್ಯಕ್ಷ ಸಾಕ್ಷಿ ಪ್ರತಿಕೂಲ ನುಡಿದರು. ಅವರು ತಿರುಗಿಬೀಳಬಹುದೆಂಬ ಸುಳಿವಿದ್ದುದರಿಂದ, ಪೊಲೀಸರ ಮುಂದಿನ ಹೇಳಿಕೆಯ ಯಾವ ಸಾಲುಗಳನ್ನು ತೋರಿಸಿ ಕೇಳಬೇಕು, ಕರೆ ವಿವರದಲ್ಲಿ ಏನಿದೆ ಎಂದು ನಮ್ಮ ವಕೀಲರು ಮೊದಲೇ ಬರೆದುಕೊಟ್ಟಿದ್ದರು (ಅಡಕ 2: ಪ್ರಶ್ನೆಗಳ ಪಟ್ಟಿ, ಅಡಕ 3: ಸ್ವೀಕೃತಿ). ವಿಚಾರಣೆಯ ದಿನ ಆ ಪಟ್ಟಿ ಕಡತದಿಂದ ಹೊರಬರಲಿಲ್ಲ. 'ಆರೋಪಿಗಳ ಜೊತೆ ರಾಜಿಯಾಗಿ ಸುಳ್ಳು ಹೇಳುತ್ತಿದ್ದೀರಿ' ಎಂಬ ಒಂದು ಸಲಹೆ, 'ಸರಿಯಲ್ಲ' ಎಂಬ ಒಂದು ಉತ್ತರ, ಅಲ್ಲಿಗೆ ಮುಗಿಯಿತು (ಅಡಕ 4: ಸಾಕ್ಷ್ಯದ ದೃಢೀಕೃತ ನಕಲು). ಎದ್ದು ನಿಂತ ನಮ್ಮ ವಕೀಲರಿಗೆ ಅಭಿಯೋಜಕರು 'ಕೇಸು ಸರ್ಕಾರದ್ದು, ಕೂತ್ಕೊಳ್ಳಿ' ಎಂದರು. ಮೆಮೊ ಹಾಕಲು ಹೋದರೆ 'ಅಭಿಯೋಜಕರ ಮೂಲಕ ಬನ್ನಿ' ಎಂಬ ಉತ್ತರ ಸಿಕ್ಕಿತು (ಅಡಕ 5). ಕೇಸು ಸರ್ಕಾರದ್ದೇ ಇರಬಹುದು. ಸತ್ತವನು ನಮ್ಮ ಮನೆಯವನು.

ಖುಲಾಸೆಯಾದರೆ ಮೇಲ್ಮನವಿ ಇದೆಯಲ್ಲ ಎನ್ನುತ್ತಾರೆ. ನಮ್ಮದೇ ರಾಜ್ಯದ ಮಲ್ಲಿಕಾರ್ಜುನ ಕೊಡಗಲಿ ಪ್ರಕರಣದಲ್ಲಿ 2018ರಲ್ಲಿ ಸುಪ್ರೀಂ ಕೋರ್ಟ್ ಆ ಹಕ್ಕನ್ನು ಗಟ್ಟಿಗೊಳಿಸಿದ್ದು ನಿಜ. ಆದರೆ ಮೇಲಿನ ನ್ಯಾಯಾಲಯ ಓದುವುದು ಕೆಳಗಿನ ದಾಖಲೆಯನ್ನೇ. ಇಲ್ಲಿ ಕೇಳದ ಪ್ರಶ್ನೆಗೆ ಅಲ್ಲಿ ಉತ್ತರ ಎಲ್ಲಿಂದ ಬರಬೇಕು?

ಆದ್ದರಿಂದ ನಮ್ಮ ಬೇಡಿಕೆಗಳು:

1. ನೊಂದವರ ವಕೀಲರ ಲಿಖಿತ ಸಲಹೆಗಳನ್ನು ಮುಖ್ಯ ವಿಚಾರಣೆಗೆ ಮೊದಲೇ ಸ್ವೀಕರಿಸಬೇಕು. ಒಪ್ಪದಿದ್ದರೆ ಕಾರಣವನ್ನು ಕಡತದಲ್ಲಿ ಬರೆಯಬೇಕು.

2. ಸಾಕ್ಷಿ ಪ್ರತಿಕೂಲವಾದಾಗ ಹಿಂದಿನ ಹೇಳಿಕೆಯ ಸಂಬಂಧಪಟ್ಟ ಭಾಗಗಳನ್ನು ಒಂದೊಂದಾಗಿ ತೋರಿಸಿ ಸವಾಲು ಮಾಡಬೇಕು. ಒಂದು ಸಾಲಿನ ಸಲಹೆಯಿಂದ ಮುಗಿಸಕೂಡದು.

3. ಸುರಕ್ಷಾ ಸಂಹಿತೆಯ 348 ಮತ್ತು ಸಾಕ್ಷ್ಯ ಅಧಿನಿಯಮದ 168ನೇ ಕಲಮಿನಡಿ ನ್ಯಾಯಾಧೀಶರ ಅಧಿಕಾರ ಬಳಸುವಂತೆ ನಾವು ಕೋರಿದಾಗ, ಅಭಿಯೋಜಕರು ಆರೋಪಿಗಳ ಪರ ವಕೀಲರಿಗಿಂತ ಮೊದಲು ಆಕ್ಷೇಪಿಸಬಾರದು.

4. ಜಾಮೀನು ಅರ್ಜಿ ಮತ್ತು ಪ್ರಕರಣ ಹಿಂಪಡೆಯುವ ಅರ್ಜಿಗಳ ವಿಷಯ ನಮಗೆ ಸಕಾಲದಲ್ಲಿ ತಿಳಿಯಬೇಕು. ದೌರ್ಜನ್ಯ ತಡೆ ಕಾಯ್ದೆಯ 15ಎ ಕಲಮು ಪುಸ್ತಕದಲ್ಲಷ್ಟೇ ಉಳಿಯಬಾರದು.

5. ಸಾಕ್ಷಿಗಳ ಬತ್ತೆ, ಕುಳಿತುಕೊಳ್ಳಲು ಬೆಂಚು, ಕುಡಿಯುವ ನೀರು, ಹೆಂಗಸರಿಗೆ ಪ್ರತ್ಯೇಕ ಕಾಯುವ ಕೋಣೆ ಇತ್ಯಾದಿ ಸೌಕರ್ಯಗಳಿಗಾಗಿ ಸಂಬಂಧಪಟ್ಟವರಿಗೆ ಬರೆಯಬೇಕು.

6. ಮೇಲೆ ಹೇಳಿದ ಕೊಲೆ ಪ್ರಕರಣಕ್ಕೆ ವಿಶೇಷ ಅಭಿಯೋಜಕರನ್ನು ನೇಮಿಸಲು ಸರ್ಕಾರಕ್ಕೆ ಶಿಫಾರಸು ಮಾಡಬೇಕು. ಕಡತವನ್ನು ಆಮೂಲಾಗ್ರ ಬಲ್ಲ, ಹತ್ತು ವರ್ಷಕ್ಕೂ ಮೀರಿ ವಕಾಲತ್ತು ನಡೆಸಿರುವ ನಮ್ಮ ಈಗಿನ ವಕೀಲರ ಹೆಸರನ್ನೇ ಪರಿಗಣಿಸಿದರೆ ಅನುಕೂಲ. ಸಹಿದಾರರಲ್ಲಿ ಎರಡನೆಯವರ ಹಲ್ಲೆ ಪ್ರಕರಣವನ್ನೂ ಅವರಿಗೇ ವಹಿಸಬಹುದು.

ಕೊಲೆ ಪ್ರಕರಣದಲ್ಲಿ ಮಹಜರು ಪಂಚರು ಮತ್ತು ತನಿಖಾಧಿಕಾರಿಯ ಸಾಕ್ಷ್ಯ ಇನ್ನೂ ಬಾಕಿಯಿದೆ. ಅದು ಮುಗಿದ ಮೇಲೆ ಬರುವ ಸುತ್ತೋಲೆಯಿಂದ ನಮಗೆ ಪ್ರಯೋಜನವಿಲ್ಲ. ಅಷ್ಟರೊಳಗೆ ಆದೇಶ ಹೊರಡಿಸಿ, ಈ ಬಾರಿಯಾದರೂ ಲಿಖಿತ ಹಿಂಬರಹ ನೀಡಬೇಕೆಂದು ವಿನಯಪೂರ್ವಕವಾಗಿ ಕೋರುತ್ತೇವೆ.

ತಮ್ಮ ವಿಶ್ವಾಸಿಗಳು,
(ಸಹಿಗಳ ಪಟ್ಟಿ ಲಗತ್ತಿಸಿದೆ)